ಬನವಾಸಿಗೆ ಹೊರಟ ಮಗನಿಗೆ ದೊಡ್ಡಪ್ಪನ ಪತ್ರ

ಶಿರಸಿ

ಪ್ರೀತಿಯ ಅಪ್ಪಿಗೆ ದೊಡ್ಡಪ್ಪನ ಆಶೀರ್ವಾದಗಳು.

ಮದುವೆಯಾದ ಮೇಲೆ ನೀವಿಬ್ಬರೇ ಮೊದಲ ಸಲ ಪ್ರವಾಸ ಹೊರಟಿದ್ದೀರಿ, ಅದೂ ಬನವಾಸಿಯ ಕಡೆಗೆ ಎಂದು ತಿಳಿದು ಬಹಳ ಸಂತೋಷವಾಯಿತು. ಆದರೆ ನೀನು ಕಳಿಸಿದ ಪಟ್ಟಿಯಲ್ಲಿ ಮೂರೇ ದಿನಕ್ಕೆ ಬನವಾಸಿ, ಸೋಂದಾ, ಸಹಸ್ರಲಿಂಗ, ಯಾಣ, ಉಂಚಳ್ಳಿ, ಜೋಗ ಎಲ್ಲವೂ ಇರುವುದನ್ನು ಕಂಡು ನಾಲ್ಕು ಮಾತು ಬರೆಯಬೇಕೆನಿಸಿತು. ನಮ್ಮ ಮಲೆನಾಡಿನ ತಿರುವಿನ ರಸ್ತೆಗಳಲ್ಲಿ ಇಷ್ಟನ್ನು ಮುಗಿಸಲು ಹೊರಟರೆ ಹೊತ್ತೆಲ್ಲ ಕಾರಿನಲ್ಲೇ ಕಳೆದು, ಸಂಜೆ ಕೋಣೆಗೆ ಮರಳುವಾಗ ಇಬ್ಬರಿಗೂ ಮಾತನಾಡುವ ತ್ರಾಣವೇ ಉಳಿದಿರುವುದಿಲ್ಲ. ಯಾಣ, ಉಂಚಳ್ಳಿ, ಜೋಗಗಳನ್ನು ಈ ಸಲ ಬಿಟ್ಟುಬಿಡು.

ಒಂದು ದಿನವನ್ನು ಪೂರ್ತಿ ಬನವಾಸಿಗೇ ಕೊಡಬೇಕು. ಕದಂಬರ ರಾಜಧಾನಿಯಾಗಿದ್ದ ಊರು ಈಗ ವರದಾ ನದಿಯ ದಡದ ಸಣ್ಣ ಪೇಟೆ, ನಡೆದೇ ತಿರುಗಬಹುದು. ಮಧುಕೇಶ್ವರ ದೇವಸ್ಥಾನಕ್ಕೆ ಬೆಳಿಗ್ಗೆ ಜನ ಸೇರುವ ಮೊದಲೇ ಹೋಗಿ ಸಭಾಮಂಟಪದಲ್ಲಿ ಸುಮ್ಮನೆ ಕುಳಿತುಕೊಳ್ಳಿ. ಅಲ್ಲಿಯ ಕಂಬಗಳನ್ನು ಎಷ್ಟು ನುಣುಪಾಗಿ ಕಡೆದಿದ್ದಾರೆಂದರೆ, ಹತ್ತಿರ ನಿಂತವರ ನೆರಳು ಕಲ್ಲಿನ ಮೈಯಲ್ಲಿ ಮೂಡುತ್ತದೆ. ಸೋಂದೆಯ ಅರಸರ ಕಾಲದ ಕಲ್ಲುಮಂಚವನ್ನೂ, ಐದು ಹೆಡೆಯ ನಾಗಶಿಲೆಯನ್ನೂ ತಪ್ಪದೆ ನೋಡಿ. ಶಾತಕರ್ಣಿಗಳ ಕಾಲದಲ್ಲಿ ಅರಸುಕುಮಾರಿಯೊಬ್ಬಳು ಮಾಡಿಸಿದ ಆ ನಾಗನ ಪಕ್ಕದಲ್ಲಿರುವ ಪ್ರಾಕೃತ ಶಾಸನದಲ್ಲಿ, ಅದನ್ನು ಕಡೆದ ಶಿಲ್ಪಿ ನಟಕನ ಹೆಸರೂ ಇದೆ. ಕದಂಬರಿಗಿಂತ ಹಿಂದಿನ ಒಬ್ಬ ಕಲ್ಲುಕುಟಿಗನ ಹೆಸರು ಇಂದಿಗೂ ಉಳಿದಿರುವುದು ನನಗೆ ಅರಸರ ಬಿರುದುಗಳಿಗಿಂತ ದೊಡ್ಡದಾಗಿ ಕಾಣುತ್ತದೆ. ನಿನ್ನ ಹೆಂಡತಿಗೆ ಚಿತ್ರ ಬರೆಯುವ ಹವ್ಯಾಸವಿದೆಯಲ್ಲ, ಅವಳು ಎಷ್ಟು ಹೊತ್ತು ಕುಳಿತರೂ ಅವಸರ ಮಾಡಬೇಡ.

ದಿನಗಳ ವಿಷಯದಲ್ಲಿ, ಡಿಸೆಂಬರ್ ಕೊನೆಯ ವಾರದ ಬದಲು ಸಂಕ್ರಾಂತಿ ಕಳೆದ ಮೇಲೆ, ಶನಿವಾರ ಭಾನುವಾರ ಬಿಟ್ಟು ಬರುವುದು ಒಳ್ಳೆಯದು. ರಜೆಯ ಗದ್ದಲ ಇಳಿದಿರುತ್ತದೆ, ಶಾಲ್ಮಲೆಯ ನೀರು ತಗ್ಗಿ ಸಹಸ್ರಲಿಂಗದ ಬಂಡೆಗಳ ಮೇಲಿನ ಲಿಂಗಗಳು ಚೆನ್ನಾಗಿ ಕಾಣುತ್ತವೆ, ಕಬ್ಬು ಅರೆದು ಬೆಲ್ಲ ಮಾಡುವ ಆಲೆಮನೆಗಳೂ ಆರಂಭವಾಗುತ್ತವೆ. ಕದಂಬೋತ್ಸವದ ದಿನಾಂಕವನ್ನು ಮೊದಲೇ ವಿಚಾರಿಸಿಕೊ. ಆಗ ಬನವಾಸಿಯಲ್ಲಿ ಕಾಲಿಡಲು ಜಾಗವಿರುವುದಿಲ್ಲ. ಬೆಂಗಳೂರಿನಿಂದ ರಾತ್ರಿ ಬಸ್ಸು ಹಿಡಿದರೆ ಬೆಳಿಗ್ಗೆ ಶಿರಸಿಗೆ ಬಂದು ಮುಟ್ಟುತ್ತೀರಿ; ರೈಲೇ ಬೇಕೆಂದರೆ ತಾಳಗುಪ್ಪದಲ್ಲಿ ಇಳಿದು ರಸ್ತೆಯಲ್ಲಿ ಬರಬೇಕು. ಎರಡನೆಯ ದಿನ ಸೋಂದಾ ಮತ್ತು ಸಹಸ್ರಲಿಂಗ ಸಾಕು, ಎರಡೂ ಒಂದೇ ದಿಕ್ಕಿನಲ್ಲಿವೆ.

ಉಳಿಯಲು ಶಿರಸಿಯ ಸುತ್ತಿನ ತೋಟದ ಮನೆಗಳಲ್ಲಿ ಒಂದನ್ನು ಆರಿಸಿಕೊ. ಕೋಣೆಯ ಚಿತ್ರ ನೋಡಿ ಹಣ ಕಟ್ಟಬೇಡ. ಫೋನ್ ಮಾಡಿ, ಬಚ್ಚಲಿಗೆ ಬಿಸಿನೀರು ಹಂಡೆಯದೋ ಗೀಸರಿನದೋ, ಕರೆಂಟು ಹೋದರೆ ಏನು ವ್ಯವಸ್ಥೆ, ಕಂಬಳಿ ಎಷ್ಟು ಕೊಡುತ್ತಾರೆ ಎಂದು ಕೇಳು. ಆ ತಿಂಗಳಲ್ಲಿ ಬೆಳಗಿನ ಇಬ್ಬನಿ ಅಡಿಕೆ ಮರಗಳಿಂದ ಹನಿಹನಿಯಾಗಿ ಉದುರುತ್ತಿರುತ್ತದೆ. ಕರಾವಳಿಯವರ ಮಗಳಾದ ಅವಳಿಗೆ ನಮ್ಮ ಚಳಿ ಹೊಸದು, ಸ್ವೆಟರ್ ಜೊತೆಗೆ ಕಾಲುಚೀಲವನ್ನೂ ತರಲು ಹೇಳು.

ಇನ್ನೊಂದು ಮಾತನ್ನು ಬೇಸರಿಸದೆ ಕೇಳು. ನಮ್ಮ ಮನೆಯಲ್ಲೇ ಉಳಿಯಬೇಕೆಂಬ ಸಂಕೋಚ ನಿನಗೆ ಬೇಡ. ನೀವು ಬಂದರೆ ಊರ ನೆಂಟರೆಲ್ಲ ಸೇರಿ ಅವಳನ್ನು ಮಾತನಾಡಿಸುವುದರಲ್ಲೇ ಎರಡು ದಿನ ಹೋಗಿಬಿಡುತ್ತದೆ, ನೀವು ಒಬ್ಬರಿಗೊಬ್ಬರು ಸಿಗುವುದಿಲ್ಲ. ಇದನ್ನು ನಿನ್ನ ದೊಡ್ಡಮ್ಮನಿಗೆ ನಾನೇ ತಿಳಿಸಿದ್ದೇನೆ, ಅವಳೂ ಒಪ್ಪಿದ್ದಾಳೆ. ಹೊರಡುವ ದಿನ ಮಧ್ಯಾಹ್ನದ ಊಟಕ್ಕೆ ಮಾತ್ರ ಬನ್ನಿ. ಪಟ್ಟಿಯನ್ನು ಮತ್ತೆ ಬರೆಯುವಾಗ ಅವಳನ್ನೂ ಪಕ್ಕದಲ್ಲಿ ಕೂರಿಸಿಕೊಂಡು, ಅವಳಿಗೆ ಬೇಕಾದದ್ದನ್ನು ಮೊದಲು ಬರೆ. ದಿನ ನಿಶ್ಚಯವಾದ ಕೂಡಲೇ ತಿಳಿಸು. ನಮ್ಮ ಕಡೆಯ ಸಿಹಿತಿಂಡಿ ತೊಡೆದೇವು ಮಾಡಲು ಹೊಸ ಕಬ್ಬಿನ ಹಾಲನ್ನು ಆಲೆಮನೆಯಲ್ಲಿ ಮೊದಲೇ ಹೇಳಿಡಬೇಕು.

ಇಂತು,
ನಿನ್ನ ದೊಡ್ಡಪ್ಪ