ಬೋರಲು ಮಲಗಿದ ಹನ್ನೆರಡು ದಿನ, ಮಂಚದ ಕೆಳಗಿನ ರೇಡಿಯೊ

ಕಳೆದ ಸೋಮವಾರ ಹುಬ್ಬಳ್ಳಿಯ ಕಣ್ಣಿನ ಡಾಕ್ಟರು ನನ್ನ ಎಡಗಣ್ಣನ್ನು ನೋಡಿ, "ಪರದೆ ಗಟ್ಟಿಯಾಗಿ ಕೂತಿದೆ. ಇನ್ನು ಓದಿರಿ, ಬರೆಯಿರಿ" ಎಂದರು. ಬರೆಯಿರಿ ಎಂದ ಮೇಲೆ ಮೊದಲು ಬರೆಯಬೇಕಾದದ್ದು ಇದನ್ನೇ. ಹೇಳದೆ ಉಳಿದ ಉಪಕಾರ ಎದೆಯ ಮೇಲೆ ಭಾರವಾಗಿ ಕೂತಿದೆ.

ನಡೆದದ್ದು ಇಷ್ಟು. ದೀಪಾವಳಿ ಮುಗಿದ ವಾರ ಎಡಗಣ್ಣಿನಲ್ಲಿ ಮಿಂಚು ಹೊಡೆದಂತಾಯಿತು. ಮರುದಿನ ಮಸಿ ಸಿಡಿದಂತೆ ಕರಿ ಚುಕ್ಕೆಗಳು ತೇಲತೊಡಗಿದವು. ಮೂರನೆಯ ದಿನ ಮೂಲೆಯಿಂದ ಕಪ್ಪು ಇಳಿಯುತ್ತ ಬಂತು. ಬಲಗಣ್ಣು ಮೊದಲೇ ಮಂದ. ಕಣ್ಣಿನ ಒಳಪರದೆ ಬಿಟ್ಟಿದೆ ಎಂದ ಡಾಕ್ಟರು ತಡಮಾಡದೆ ಶಸ್ತ್ರಚಿಕಿತ್ಸೆ ಮಾಡಿ, ಕಣ್ಣಿನೊಳಗೆ ಅನಿಲದ ಗುಳ್ಳೆ ತುಂಬಿದರು. ಗುಳ್ಳೆ ಯಾವಾಗಲೂ ಮೇಲಕ್ಕೇ ಏಳುತ್ತದೆ. ಕಣ್ಣಿನ ಹಿಂಬದಿಯ ಪರದೆಯನ್ನು ಅದು ಒತ್ತಿ ಹಿಡಿಯಬೇಕಾದರೆ ಮುಖ ನೆಲದ ಕಡೆಗೇ ಇರಬೇಕು. ಹನ್ನೆರಡು ದಿನ ಬೋರಲು. ಊಟಕ್ಕೆ, ಔಷಧದ ಹನಿಗೆ, ಬಚ್ಚಲಿಗೆ ಮಾತ್ರ ಬಿಡುವು.

ಆ ಡಾಕ್ಟರಿಗೆ, ನನ್ನ ತಲೆ ಹಿಡಿದು ದಿಂಬುಗಳನ್ನು ಜೋಡಿಸಿಕೊಟ್ಟ ನರ್ಸ್ ಬಾಯಿಯವರಿಗೆ ಮೊದಲ ನಮಸ್ಕಾರ. ಮೊದಲ ನಾಲ್ಕು ದಿನ ಧಾರವಾಡದ ಅಣ್ಣನ ಮನೆಯಲ್ಲಿದ್ದೆ. ವೈನಿ ಎಪ್ಪತ್ತರ ವಯಸ್ಸಿನಲ್ಲಿ ಎರಡೆರಡು ತಾಸಿಗೊಮ್ಮೆ ಎದ್ದು ಹನಿ ಹಾಕಿದರು. ಅವರ ಋಣವನ್ನು ಕಾಗದದಲ್ಲಿ ತೀರಿಸಲಾರೆ. ಮೊಬೈಲಿನಲ್ಲಿ ಕೃಷಿ ವಿಶ್ವವಿದ್ಯಾಲಯದ ಸಮುದಾಯ ಬಾನುಲಿಯನ್ನು ಹಚ್ಚಿ, "ಸುಮ್ಮನೆ ಯೋಚನೆ ಮಾಡಬೇಡಿ, ಇದನ್ನು ಕೇಳಿರಿ" ಎಂದವರೂ ಅವರೇ. 2007ರಿಂದ ನಡೆಯುತ್ತಿರುವ ಆ ಪುಟ್ಟ ಕೇಂದ್ರದಲ್ಲಿ ರೈತರೇ ಕೂತು ಮಾತನಾಡುತ್ತಾರೆ. ಆದರೆ ಅದರ ಅಲೆ ಗದಗಿಗೆ ಮುಟ್ಟುವುದಿಲ್ಲ. ನಮ್ಮ ಮನೆಗೆ ಬಂದ ಮೇಲೆ ಮತ್ತೆ ಮೌನ.

ಆ ಮೌನ ಹೇಗಿತ್ತೆಂದರೆ, ಹೊತ್ತು ಮುಳುಗಿತೋ ಮೂಡಿತೋ ತಿಳಿಯುತ್ತಿರಲಿಲ್ಲ. ಮಗಳು ಪುಣೆಯಿಂದ ದಿನಕ್ಕೆ ನಾಲ್ಕು ಸಲ ಫೋನ್ ಮಾಡುತ್ತಿದ್ದಳು. ಅವಳು ಫೋನ್ ಇಟ್ಟ ಕೂಡಲೇ ಕಣ್ಣು ಹೋದರೆ ಗತಿಯೇನು ಎಂಬ ಒಂದೇ ಮಾತು ತಲೆಯಲ್ಲಿ ಸುತ್ತುತ್ತಿತ್ತು. ಆಗ ಪಕ್ಕದ ಮನೆಯ ಹುಡುಗ, ಒಂಬತ್ತನೆಯ ತರಗತಿಯವನು, ನಮ್ಮ ಅಟ್ಟದ ಮೇಲಿದ್ದ ನನ್ನ ಯಜಮಾನರ ಎರಡು ಬ್ಯಾಂಡಿನ ಟ್ರಾನ್ಸಿಸ್ಟರ್ ಇಳಿಸಿದ. ಅವರು ತೀರಿಕೊಂಡ ಮೇಲೆ ಆರು ವರ್ಷ ಅದನ್ನು ಯಾರೂ ಮುಟ್ಟಿರಲಿಲ್ಲ. ಹುಡುಗ ಸೈಕಲ್ಲಿನ ಮೇಲೆ ಅದನ್ನು ಹಳೆ ಬಸ್ ನಿಲ್ದಾಣದ ಹತ್ತಿರದ ರಿಪೇರಿ ಅಂಗಡಿಗೆ ಒಯ್ದ. ಅಂಗಡಿಯವರು ಸೋರಿದ ಸೆಲ್ಲಿನ ಕಿಲುಬನ್ನು ತಿಕ್ಕಿ ತೆಗೆದು, ಮುಳ್ಳು ಎಳೆಯುವ ದಾರವನ್ನು ಹೊಸದಾಗಿ ಸುತ್ತಿ, ಸೆಲ್ಲಿನ ದುಡ್ಡು ಮಾತ್ರ ತೆಗೆದುಕೊಂಡು ಕಳಿಸಿದರು. ಜೊತೆಗೆ ಒಂದು ಮಾತನ್ನೂ ಕಳಿಸಿದರು: "ಎಲ್‌ಇಡಿ ದೀಪ ಆರಿಸಿ, ಚಾರ್ಜರ್ ಕಿತ್ತುಹಾಕಿ, ಆಮೇಲೆ ರೇಡಿಯೊವನ್ನು ಮೆಲ್ಲಗೆ ತಿರುಗಿಸಲಿ. ಧಾರವಾಡ ತಾನಾಗಿ ಸಿಗುತ್ತದೆ."

ಹುಡುಗ ಅದನ್ನು ನನ್ನ ಮುಖದ ನೇರಕ್ಕೆ ಮಂಚದ ಕೆಳಗೆ, ನೆಲದ ಮೇಲೆ ಇಟ್ಟ. ನಾನು ಕೈ ಇಳಿಬಿಟ್ಟು ತಿರುಗಿಸಿದೆ. ಗೊರಗೊರ, ಮತ್ತೆ ಗೊರಗೊರ. ಒಳಗಿನ, ಅಲೆ ಹಿಡಿಯುವ ಕಪ್ಪು ಕಡ್ಡಿ ಬಾನುಲಿ ಕೇಂದ್ರದ ದಿಕ್ಕಿಗೆ ಅಡ್ಡಲಾಗಿ ನಿಂತಾಗ ದನಿ ತುಂಬಿ ಬರುತ್ತದೆ. ಧಾರವಾಡ ನಮಗೆ ಪಡುವಣಕ್ಕಿದೆ, ಕಡ್ಡಿ ತೆಂಕಣ ಬಡಗಣವಾಗಿ ನಿಂತಿತು, ಗೊರಗೊರ ಸರಿದು ಹೆಣ್ಣುಮಗಳೊಬ್ಬಳ ದನಿ ಕೇಳಿತು: ಆಕಾಶವಾಣಿ, ಧಾರವಾಡ. ನಾನು ಅತ್ತುಬಿಟ್ಟೆ. ಅಳಬಾರದೆಂದು ಡಾಕ್ಟರು ಹೇಳಿರಲಿಲ್ಲ, ಅದು ಪುಣ್ಯ.

ಮರುದಿನದಿಂದ ನನಗೆ ಬೆಳಗಾಗತೊಡಗಿತು. ಬೆಳಗಿನ ಪ್ರಸಾರಕ್ಕೆ ಮುನ್ನ ಬರುವ ಆ ಪಿಟೀಲು ತಂಬೂರಿಯ ರಾಗವನ್ನು ನಮ್ಮಲ್ಲಿ ಕೇಳದವರಿಲ್ಲ. ಅದನ್ನು ಕಟ್ಟಿದವನು ವಾಲ್ಟರ್ ಕಾಫ್‌ಮನ್ ಎಂಬ ಯಹೂದಿ. ನಾಜಿಗಳ ಕಾಟಕ್ಕೆ ಯುರೋಪನ್ನು ಬಿಟ್ಟು 1934ರಲ್ಲಿ ಮುಂಬಯಿಗೆ ಬಂದವನು. ನೆಲೆ ಕಳೆದುಕೊಂಡವನೊಬ್ಬ ಕಟ್ಟಿದ ರಾಗ ಇಷ್ಟು ವರ್ಷ ಒಂದು ದೇಶವನ್ನೇ ಎಬ್ಬಿಸಿದೆ. ಕತ್ತಲಲ್ಲಿ ಮಲಗಿದ್ದಾಗ ಇದನ್ನು ನೆನೆದರೆ ಧೈರ್ಯ ಬರುತ್ತಿತ್ತು.

ರೇಡಿಯೊ ಜೊತೆಗೆ ನನ್ನದು ಕೆಲಸದ ನಂಟೂ ಹೌದು. 1978ರಲ್ಲಿ ನಾನು ಅಂಚೆ ಕಚೇರಿಗೆ ಸೇರಿದಾಗ ರೇಡಿಯೊ ಇಟ್ಟುಕೊಳ್ಳಲು ಲೈಸೆನ್ಸ್ ಬೇಕಿತ್ತು. ಅದು ಸಿಗುತ್ತಿದ್ದದ್ದು ನಮ್ಮಲ್ಲಿ. ಚಿಕ್ಕ ಪುಸ್ತಕ, ವರ್ಷಕ್ಕೆ ಹದಿನೈದು ರೂಪಾಯಿ, ಚೀಟಿ ಅಂಟಿಸಿ ಅದರ ಮೇಲೆ ತಾರೀಖಿನ ಠಸ್ಸೆ ಒತ್ತುತ್ತಿದ್ದೆ. ಎಂಬತ್ತರ ದಶಕದ ನಡುವಿನಲ್ಲಿ ಆ ಪದ್ಧತಿ ನಿಂತಿತು. ಹಳ್ಳಿಯ ಹಿರಿಯರು ಆ ಪುಸ್ತಕವನ್ನು ಪಂಚೆಯ ತುದಿಯಲ್ಲಿ ಸುತ್ತಿ, ಹೊಲದ ಪತ್ರದಷ್ಟೇ ಜೋಪಾನವಾಗಿ ತರುತ್ತಿದ್ದರು. ಒಂದು ಓಣಿಗೆ ಒಂದು ರೇಡಿಯೊ, ಅದರ ಸುತ್ತ ಇಡೀ ಓಣಿ.

ಇನ್ನು ಕೋರಿಕೆಯ ಕಾರ್ಡುಗಳು! ಹದಿನೈದು ಪೈಸೆಯ ಕಾರ್ಡು, ವಿಳಾಸ "ಆಕಾಶವಾಣಿ, ಧಾರವಾಡ". ನಡುವಿನಲ್ಲಿ ಒಂದು ಹಾಡಿನ ಹೆಸರು, ಉಳಿದೆಲ್ಲ ಜನರ ಹೆಸರು. ಜಾಗ ಸಾಲದೆ ಅಂಚಿನ ಗುಂಟ ಕಾರ್ಡು ತಿರುಗಿಸಿ ತಿರುಗಿಸಿ ಬರೆದಿರುತ್ತಿದ್ದರು. ಕಾಳಿನ ಹಗೇವು ಕಾಯುವವನ ಹೆಸರು, ಗೌಡರ ಹೆಸರು, ಕೂಸಿನ ಹೆಸರು ಒಂದೇ ಸಾಲಿನಲ್ಲಿ. ಊರಿನ ಬೇರೆ ಯಾವ ಪಟ್ಟಿಯಲ್ಲೂ ಅವರು ಹಾಗೆ ಒಟ್ಟಿಗೆ ಕೂತದ್ದನ್ನು ನಾನು ಕಾಣಲಿಲ್ಲ. ಅಲ್ಲಿಂದ ಮುಂದೆ ಮೂವತ್ತೊಂಬತ್ತು ವರ್ಷ ಇಂಥ ಕಾರ್ಡುಗಳನ್ನು ಚೀಲಕ್ಕೆ ಹಾಕಿದೆ. ನಾನು ಮಾತ್ರ ಒಂದನ್ನೂ ಬರೆಯಲಿಲ್ಲ.

ಧಾರವಾಡ ಕೇಂದ್ರ ಶುರುವಾದದ್ದು 1950ರ ಜನವರಿ 8ರಂದು. ಆಗ ನಮ್ಮ ಜಿಲ್ಲೆ ಮುಂಬಯಿ ಪ್ರಾಂತದಲ್ಲಿತ್ತು, ಕನ್ನಡದವರು ಹಲವು ಆಡಳಿತಗಳಲ್ಲಿ ಹರಿದು ಹಂಚಿಹೋಗಿದ್ದರು. ದಕ್ಷಿಣದಲ್ಲಿ 1935ರಷ್ಟು ಹಿಂದೆಯೇ ಮೈಸೂರಿನ ಪ್ರಾಧ್ಯಾಪಕ ಎಂ.ವಿ. ಗೋಪಾಲಸ್ವಾಮಿಯವರು ತಮ್ಮ ಮನೆಯಿಂದ ಬಾನುಲಿ ನಡೆಸಿದ್ದರು. ನಮ್ಮ ಕಡೆಗೆ ಆ ಭಾಗ್ಯ ಹದಿನೈದು ವರ್ಷ ತಡವಾಗಿ ಬಂತು. ಆದರೂ ಏಕೀಕರಣ ಆಗುವ ಮೊದಲೇ, ಸುಮಾರು ಏಳು ವರ್ಷ ಮುಂಚೆ, ನಮ್ಮ ದನಿ ಗಡಿ ದಾಟಿತ್ತು. ಅಲೆಯನ್ನು ಯಾವ ನಾಕೆಯಲ್ಲೂ ತಡೆಯಲಾಗದು. 1956ರ ನಕಾಶೆಗೆ ಹೋರಾಟಗಾರರಿಗೆ ಸಲ್ಲುವ ಕೃತಜ್ಞತೆಯಲ್ಲಿ ಒಂದು ಪಾಲು ಈ ಕೇಂದ್ರಕ್ಕೂ ಸಲ್ಲಬೇಕೆಂದು ನಾನು ನಂಬಿದ್ದೇನೆ. ಬೇಂದ್ರೆಯವರು ಅಲ್ಲಿ ಸಲಹೆಗಾರರಾಗಿದ್ದರು, ಮಲ್ಲಿಕಾರ್ಜುನ ಮನಸೂರರು ಸಂಗೀತ ಸಲಹೆಗಾರರಾಗಿದ್ದರು. ಮೈಫಿಲಿಗೆ ಕರೆ ಬಾರದ ಮನೆಯ ಅಡುಗೆಕೋಣೆಯಲ್ಲೂ ಮನಸೂರರ ದನಿ ಬಂದು ಕೂತಿತು. ನಮ್ಮ ಅವ್ವ ಶಾಲೆಯ ಮೆಟ್ಟಿಲು ಹತ್ತಿದವಳಲ್ಲ. ರೊಟ್ಟಿ ಬಡಿಯುತ್ತಲೇ ಯಾವ ರಾಗವೆಂದು ಹೇಳುತ್ತಿದ್ದಳು.

ರೇಡಿಯೊ ಮಾಡಿದ್ದೆಲ್ಲ ಸರಿ ಎಂದು ಹೇಳಲಾರೆ. 1940ರಲ್ಲಿ ಹಾರ್ಮೋನಿಯಂ ನಮ್ಮ ಸಂಗೀತಕ್ಕೆ ಒಗ್ಗದು ಎಂದು ಅದನ್ನು ಹೊರಗಿಟ್ಟರು, ಮೂರು ದಶಕ ಅದು ಆಕಾಶವಾಣಿಯಲ್ಲಿ ನುಡಿಯಲಿಲ್ಲ. ಪುಟ್ಟರಾಜ ಗವಾಯಿಗಳ ಬೆರಳು ಹಾರ್ಮೋನಿಯಂ ಮೇಲೆ ಓಡುವುದನ್ನು ಕೇಳಿ ಬೆಳೆದ ಗದಗಿನವಳಾದ ನನಗೆ ಅದು ಇಂದಿಗೂ ನೋವಿನ ಸಂಗತಿ. ಐವತ್ತರ ದಶಕದಲ್ಲಿ ಸಿನಿಮಾ ಹಾಡುಗಳನ್ನು ದೂರವಿಟ್ಟಾಗ ಜನ ರೇಡಿಯೊ ಸಿಲೋನಿನ ಕಡೆ ಮುಳ್ಳು ತಿರುಗಿಸಿದರು. 1957ರಲ್ಲಿ ವಿವಿಧ ಭಾರತಿ ಬಂದದ್ದು ಆ ಜನರ ಒತ್ತಾಯಕ್ಕೇ. ಕೇಳುಗರ ಮಾತನ್ನು ಕಡೆಗಾದರೂ ಕೇಳಿದರಲ್ಲ, ಅದನ್ನು ಮೆಚ್ಚುತ್ತೇನೆ.

ರಾತ್ರಿಯ ಮಾತು ಹೇಳಬೇಕು. ಕತ್ತಲಾದ ಮೇಲೆ ಮೀಡಿಯಂ ವೇವ್ ಅಲೆ ಆಕಾಶದ ಎತ್ತರದಲ್ಲಿ ಬಡಿದು ದೂರದೂರಕ್ಕೆ ಇಳಿಯುತ್ತದೆ. ಧಾರವಾಡದ ಕನ್ನಡದ ಹಿಂದೆ ಯಾವುದೋ ದೇಶದ ಮಾತು, ಯಾವುದೋ ಹಾಡು ಏಳುತ್ತ ಮುಳುಗುತ್ತ ಇರುತ್ತಿತ್ತು. ಒಂಬತ್ತನೆಯ ರಾತ್ರಿ ಕರೆಂಟು ಹೋಗಿತ್ತು, ಕುತ್ತಿಗೆ ಸೆಟೆದು ನಿದ್ದೆ ಹತ್ತಿರ ಸುಳಿಯಲಿಲ್ಲ. ಸೆಲ್ಲಿನ ಮೇಲೆ ರೇಡಿಯೊ ಮಾತ್ರ ನಡೆಯುತ್ತಿತ್ತು. ಓದುತ್ತಿದ್ದ ಹೆಣ್ಣುಮಗಳು ಒಂದು ಪದಕ್ಕೆ ತಡವರಿಸಿ, ತಿದ್ದಿಕೊಂಡು, "ಕ್ಷಮಿಸಿ" ಎಂದು ಮುಂದುವರಿದಳು. ಅವಳಿಗೆ ನಾನು ಕಾಣುವುದಿಲ್ಲ, ನನಗೆ ಅವಳು ಕಾಣುವುದಿಲ್ಲ. ಆದರೂ ಕ್ಷಮೆ ಕೇಳಿದಳು. ಆ ತಾಯಿ ಯಾರೋ, ಅವಳ ಹೊಟ್ಟೆ ತಣ್ಣಗಿರಲಿ. ಆ ರಾತ್ರಿ ನನ್ನ ಭಯ ಇಳಿಯಿತು.

ಹನ್ನೆರಡು ದಿನ ಕಳೆದು ತಲೆ ಎತ್ತಿದಾಗ ಎಡಗಣ್ಣಿನಲ್ಲಿ ಕೊಡದ ನೀರಿನಂತೆ ಒಂದು ಗೆರೆ ತುಳುಕುತ್ತಿತ್ತು. ಗೆರೆಯ ಮೇಲೆ ಜಗತ್ತು, ಕೆಳಗೆ ಮಬ್ಬು. ಗುಳ್ಳೆ ಕರಗಿದಂತೆ ಗೆರೆ ದಿನದಿನಕ್ಕೆ ಇಳಿಯಿತು. ಮೊದಲು ಜಂತಿ ಕಂಡಿತು, ಆಮೇಲೆ ಗಡಿಯಾರ, ಆಮೇಲೆ ಗೋಡೆಯ ಮೇಲಿನ ಯಜಮಾನರ ಫೋಟೊ, ಕಟ್ಟಕಡೆಗೆ ನೆಲದ ಮೇಲಿದ್ದ ಅವರ ರೇಡಿಯೊ.

ನಿನ್ನೆ ಅಂಚೆ ಕಚೇರಿಗೆ ಹೋಗಿ ಐವತ್ತು ಪೈಸೆಯ ಕಾರ್ಡು ಕೊಂಡೆ. ಕೌಂಟರಿನ ಈಚೆ ನಿಂತು "ಆಕಾಶವಾಣಿ, ಧಾರವಾಡ" ಎಂದು ಬರೆದೆ. ಸಾಲು ಸೊಟ್ಟಗಾಯಿತು, ಅಕ್ಷರ ನನ್ನವೇ. ಉದ್ಘೋಷಕರಿಗೆ, ಯಂತ್ರದ ಮುಂದೆ ಕೂತ ಎಂಜಿನಿಯರುಗಳಿಗೆ ನಮಸ್ಕಾರ ಬರೆದು ಕೆಳಗೆ ಕೇಳುಗರ ಹೆಸರು ಹಾಕಿದೆ: ನಾನು, ವೈನಿ, ಅಣ್ಣ, ಮಗಳು, ರಿಪೇರಿ ಅಂಗಡಿಯವರು. ಜಾಗ ಮುಗಿದಿತ್ತು. ಕಾರ್ಡು ತಿರುಗಿಸಿ ಅಂಚಿನ ಗುಂಟ ಆ ಹುಡುಗನ ಹೆಸರು ಬರೆದು ಡಬ್ಬಿಗೆ ಹಾಕಿದೆ.