ಆ ಕುರ್ಚಿ ಯಾಕೆ ಖಾಲಿ? ಅಂತರರಾಷ್ಟ್ರೀಯ ಅಪರಾಧ ನ್ಯಾಯಾಲಯದ ಸದಸ್ಯ ರಾಷ್ಟ್ರಗಳ ಸಭೆಯ ಅಧ್ಯಕ್ಷರಿಗೊಂದು ಬಹಿರಂಗ ಪತ್ರ

ಮಾನ್ಯ ಅಧ್ಯಕ್ಷರಿಗೆ ನಮಸ್ಕಾರ.

2025ರ ಸೆಪ್ಟೆಂಬರ್‌ನಲ್ಲಿ ಎರಡು ದಿನ ನಾನು ಹೇಗ್‌ನ ನಿಮ್ಮ ಕೋರ್ಟಿನ ಕಲಾಪವನ್ನು ಕಂಪ್ಯೂಟರ್ ಮುಂದೆ ಕೂತು ನೋಡಿದೆ. ಉಗಾಂಡದ ಬಂಡುಕೋರ ಪಡೆಯ ನಾಯಕ ಜೋಸೆಫ್ ಕೋನಿಯ ಪ್ರಕರಣ. ನ್ಯಾಯಾಧೀಶರು ಬಂದು ಕೂತರು. ಪ್ರಾಸಿಕ್ಯೂಟರ್ ಕಡೆಯವರು ಇದ್ದರು. ಸಂತ್ರಸ್ತರ ವಕೀಲರು ಇದ್ದರು. ಆರೋಪಿಯ ಪರ ವಾದಿಸಲು ಕೋರ್ಟೇ ನೇಮಿಸಿದ ವಕೀಲರೂ ಇದ್ದರು. ಆರೋಪಿ ಮಾತ್ರ ಇರಲಿಲ್ಲ.

ಕೋನಿಯ ಮೇಲೆ ವಾರಂಟ್ ಹೊರಟದ್ದು 2005ರಲ್ಲಿ. ಉತ್ತರ ಉಗಾಂಡದಲ್ಲಿ ಆಗ ಮಕ್ಕಳು ಸಂಜೆಯಾದರೆ ಸಾಕು, ಕಂಬಳಿ ಹೆಗಲಿಗೆ ಹಾಕಿಕೊಂಡು ಹಳ್ಳಿಯಿಂದ ಗುಲು ಪಟ್ಟಣಕ್ಕೆ ನಡೆಯುತ್ತಿದ್ದರು. ರಾತ್ರಿ ಮನೆಯಲ್ಲಿ ಮಲಗಿದರೆ ಕೋನಿಯ ಪಡೆಯವರು ಹೊತ್ತೊಯ್ಯುತ್ತಾರೆ ಅನ್ನುವ ಭಯ. ಬಸ್ ನಿಲ್ದಾಣದಲ್ಲಿ, ಚರ್ಚಿನ ಅಂಗಳದಲ್ಲಿ, ಆಸ್ಪತ್ರೆಯ ಆವರಣದಲ್ಲಿ ಸಾಲಾಗಿ ಮಲಗಿ, ಬೆಳಗಾಗುತ್ತಲೇ ಮತ್ತೆ ಊರಿಗೆ ನಡೆಯುತ್ತಿದ್ದರು. ಆಗ ಹತ್ತು ವರ್ಷದವರಾಗಿದ್ದವರಿಗೆ ಈಗ ಮೂವತ್ತು ದಾಟಿದೆ. ಅವರಿಗೇ ಮಕ್ಕಳಾಗಿರಬಹುದು. 2025ರ ನವೆಂಬರ್‌ನಲ್ಲಿ ನ್ಯಾಯಾಧೀಶರು 39 ಆರೋಪಗಳು ವಿಚಾರಣೆಗೆ ಯೋಗ್ಯ ಅಂತ ದೃಢಪಡಿಸಿದರು. ಆದರೆ ಮುಂದಿನ ಹೆಜ್ಜೆ ಇಡುವ ಹಾಗಿಲ್ಲ. ಈ ಕೋರ್ಟನ್ನು ಹುಟ್ಟುಹಾಕಿದ ರೋಮ್ ಶಾಸನದ 63ನೇ ವಿಧಿ ಪ್ರಕಾರ ಆರೋಪಿ ಎದುರಿಗೆ ಇಲ್ಲದೆ ವಿಚಾರಣೆ ನಡೆಯುವಂತಿಲ್ಲ.

ಆ ನಿಯಮ ಸರಿಯಾಗಿಯೇ ಇದೆ. ಒಬ್ಬ ಮನುಷ್ಯನ ಮೇಲೆ ಇಂಥ ಘೋರ ಆರೋಪ ಹೊರಿಸಿದ ಮೇಲೆ ಅವನ ಮಾತನ್ನೂ ಕೇಳಬೇಕು. ಹಾಗಾಗಿಯೇ ನಿಮಗೆ ಈ ಪತ್ರ ಬರೆಯುತ್ತಿದ್ದೇನೆ. ಆ ಕುರ್ಚಿಗೆ ಆರೋಪಿಯನ್ನು ತಂದು ಕೂರಿಸುವುದು ನ್ಯಾಯಾಧೀಶರ ಕೈಯಲ್ಲಿಲ್ಲ. ಅದು ನಿಮ್ಮ ಸಭೆಯಲ್ಲಿ ಕೂರುವ ಸರ್ಕಾರಗಳ ಕೈಯಲ್ಲಿದೆ.

ನಾನು ವಕೀಲನಲ್ಲ. ನನ್ನ ದೇಶ ನಿಮ್ಮ ಸಭೆಯ ಸದಸ್ಯನೂ ಅಲ್ಲ. 1998ರ ಜುಲೈ 17ರಂದು ರೋಮ್‌ನಲ್ಲಿ ಈ ಶಾಸನ ಮತಕ್ಕೆ ಬಂದಾಗ 120 ದೇಶಗಳು ಪರವಾಗಿ ನಿಂತವು, 7 ವಿರೋಧಿಸಿದವು, 21 ದೂರ ಉಳಿದವು. ದೂರ ಉಳಿದವರಲ್ಲಿ ಭಾರತವೂ ಒಂದು. ಅದು ನನಗೆ ಬೇಸರದ ವಿಷಯ, ಮುಚ್ಚಿಡುವುದಿಲ್ಲ. ಆದರೆ ಮನುಕುಲದ ವಿರುದ್ಧದ ಅಪರಾಧ ಅಂತ ನೀವು ಯಾವುದನ್ನು ಕರೆಯುತ್ತೀರೋ ಆ ಮನುಕುಲದಲ್ಲಿ ನಾನೂ ಇದ್ದೇನೆ ಅಲ್ವಾ? ಆ ಹಕ್ಕಿನಿಂದಲೇ ಕೇಳುತ್ತಿದ್ದೇನೆ.

ನಿಮ್ಮ ಕೋರ್ಟಿಗೆ ಪೊಲೀಸರಿಲ್ಲ. ಒಬ್ಬ ಕಾನ್‌ಸ್ಟೇಬಲ್ ಕೂಡ ಇಲ್ಲ. ವಾರಂಟ್ ಹೊರಡಿಸಿದ ಮೇಲೆ ಕೋರ್ಟ್ ಕಾಯಬೇಕು. ಆರೋಪಿ ಯಾವ ಸದಸ್ಯ ದೇಶದ ನೆಲದಲ್ಲಿ ಕಾಲಿಡುತ್ತಾನೋ ಆ ದೇಶ ಹಿಡಿದು ಒಪ್ಪಿಸಬೇಕು. ಸಹಿ ಹಾಕುವಾಗ ಎಲ್ಲರೂ ಒಪ್ಪಿದ್ದು ಇದನ್ನೇ. ಆಮೇಲೆ ಏನಾಯಿತು ಅನ್ನುವುದನ್ನು ಎರಡು ಘಟನೆಗಳಲ್ಲಿ ಹೇಳುತ್ತೇನೆ. ನಿಮಗೆ ಗೊತ್ತಿರುವುದೇ. ಆದರೂ ಸಾಮಾನ್ಯ ಓದುಗನ ಕಣ್ಣಿಗೆ ಅವು ಹೇಗೆ ಕಾಣುತ್ತವೆ ಅಂತ ನಿಮಗೆ ತಿಳಿಯಲಿ.

ಮೊದಲನೆಯದು 2015ರ ಜೂನ್. ಸುಡಾನ್ ಅಧ್ಯಕ್ಷ ಒಮರ್ ಅಲ್ ಬಶೀರ್ ಆಫ್ರಿಕನ್ ಒಕ್ಕೂಟದ ಸಭೆಗೆಂದು ಜೋಹಾನ್ಸ್‌ಬರ್ಗ್‌ಗೆ ಬಂದರು. ದಾರ್ಫುರ್‌ನ ಹತ್ಯೆಗಳಿಗಾಗಿ ಅವರ ಮೇಲೆ 2009ರಿಂದಲೇ ವಾರಂಟ್ ಇತ್ತು. ದಕ್ಷಿಣ ಆಫ್ರಿಕ ಸದಸ್ಯ ದೇಶ. ಅಲ್ಲಿನ ಹೈಕೋರ್ಟ್ ಭಾನುವಾರವೇ ಆದೇಶ ಮಾಡಿತು: ಇವರನ್ನು ದೇಶ ಬಿಟ್ಟು ಹೋಗಲು ಬಿಡಬೇಡಿ. ಸೋಮವಾರ ಪ್ರಿಟೋರಿಯಾದಲ್ಲಿ ವಾದ ನಡೆಯುತ್ತಿತ್ತು. ವಾದ ನಡೆಯುತ್ತಿರುವಾಗಲೇ ವಾಟರ್‌ಕ್ಲೂಫ್ ಸೇನಾ ವಿಮಾನ ನಿಲ್ದಾಣದಿಂದ ಬಶೀರ್ ಅವರ ವಿಮಾನ ಹಾರಿಹೋಯಿತು. ಎರಡು ವರ್ಷದ ನಂತರ ನಿಮ್ಮ ನ್ಯಾಯಾಧೀಶರು ದಕ್ಷಿಣ ಆಫ್ರಿಕ ತಪ್ಪು ಮಾಡಿದೆ ಅಂದರು. ಆದರೆ ವಿಷಯವನ್ನು ನಿಮ್ಮ ಸಭೆಗೆ ಕಳಿಸಲೇ ಇಲ್ಲ. ಕಳಿಸಿಯೂ ಪ್ರಯೋಜನವಿಲ್ಲ ಅನ್ನುವ ಭಾವನೆ ಆಗಲೇ ಬಂದಿತ್ತೇನೋ ಅಂತ ನನಗೆ ಅನ್ನಿಸುತ್ತದೆ.

ಎರಡನೆಯದು ಇನ್ನೂ ಹಸಿಯಾಗಿದೆ. 2025ರ ಜನವರಿ 18ರಂದು ಲಿಬಿಯಾದ ಒಸಾಮ ಅಲ್ಮಾಸ್ರಿ ಅನ್ನುವ ಅಧಿಕಾರಿಯ ಮೇಲೆ ವಾರಂಟ್ ಹೊರಟಿತು. ಟ್ರಿಪೊಲಿಯ ಮಿಟಿಗ ಜೈಲಿನಲ್ಲಿ ಕೊಲೆ, ಚಿತ್ರಹಿಂಸೆ, ಅತ್ಯಾಚಾರ ನಡೆದಿವೆ, ಅದಕ್ಕೆ ಆತ ಹೊಣೆ ಅನ್ನುವ ಆರೋಪ. ಮರುದಿನವೇ ಇಟಲಿಯ ಪೊಲೀಸರು ಟುರಿನ್‌ನಲ್ಲಿ ಆತನನ್ನು ಹಿಡಿದರು. ಎಷ್ಟು ಚುರುಕಾದ ಕೆಲಸ! ಇಪ್ಪತ್ತು ವರ್ಷ ಸಿಗದವರಿದ್ದಾರೆ, ಇವನು ಒಂದೇ ದಿನದಲ್ಲಿ ಸಿಕ್ಕ. ಆದರೆ 21ರಂದು ಕಾರ್ಯವಿಧಾನದಲ್ಲಿ ಲೋಪವಿದೆ ಅಂತ ಬಿಡುಗಡೆ ಆಯಿತು. ಇಟಲಿ ಸರ್ಕಾರದ್ದೇ ವಿಮಾನದಲ್ಲಿ ಕೂರಿಸಿ ಟ್ರಿಪೊಲಿಗೆ ಬಿಟ್ಟು ಬಂದರು. ಅಲ್ಲಿ ಜನ ಅವನನ್ನು ಹೆಗಲ ಮೇಲೆ ಹೊತ್ತು ಸ್ವಾಗತಿಸುವ ದೃಶ್ಯ ಎಲ್ಲ ಕಡೆ ಬಂತು. ಆ ಜೈಲಿನಿಂದ ಬದುಕಿ ಹೊರಬಂದು ಯುರೋಪಿನ ಯಾವುದೋ ಊರಿನಲ್ಲಿ ಕೂತು ಮೊಬೈಲಿನಲ್ಲಿ ಆ ವಿಡಿಯೋ ನೋಡಿದವರು ಇದ್ದಾರೆ. ಅವರಿಗೆ ಆ ಹೊತ್ತು ಏನನ್ನಿಸಿರಬೇಕು, ಒಂದು ಕ್ಷಣ ಯೋಚಿಸಿ. ರೋಮ್ ಅನ್ನುವ ಹೆಸರೇ ಇರುವ ಶಾಸನ ಅದು. ರೋಮ್‌ನಿಂದಲೇ ಹೀಗಾಯಿತು. ಆಮೇಲೆ ನವೆಂಬರ್‌ನಲ್ಲಿ ಲಿಬಿಯಾದವರೇ ಆತನನ್ನು ಬಂಧಿಸಿದರು, ನಿಜ. ಆದರೆ ಅದು ನಿಮ್ಮ ಸದಸ್ಯರ ಸಾಧನೆ ಅಲ್ಲ.

ಇನ್ನೂ ಇವೆ. 2024ರ ಸೆಪ್ಟೆಂಬರ್‌ನಲ್ಲಿ ಮಂಗೋಲಿಯಾ, ವಾರಂಟ್ ಇದ್ದ ರಷ್ಯಾ ಅಧ್ಯಕ್ಷ ಪುಟಿನ್ ಅವರಿಗೆ ಕೆಂಪು ಹಾಸು ಹಾಕಿತು. 2025ರ ಏಪ್ರಿಲ್‌ನಲ್ಲಿ ಹಂಗೇರಿ, ವಾರಂಟ್ ಇದ್ದ ಇಸ್ರೇಲ್ ಪ್ರಧಾನಿ ನೆತನ್ಯಾಹು ಅವರನ್ನು ಬರಮಾಡಿಕೊಂಡು, ಅದೇ ದಿನ ಕೋರ್ಟಿನಿಂದ ಹೊರಬರುವುದಾಗಿ ಹೇಳಿತು. ಎರಡೂ ಪ್ರಕರಣಗಳನ್ನು ನ್ಯಾಯಾಧೀಶರು ನಿಮ್ಮ ಸಭೆಗೇ ಒಪ್ಪಿಸಿದ್ದಾರೆ. ಅಂದರೆ ಈಗ ಕಡತ ಇರುವುದು ನಿಮ್ಮ ಮೇಜಿನ ಮೇಲೆ.

ಇದಕ್ಕೆ ಪಕ್ಕದಲ್ಲಿ ಇನ್ನೊಂದು ಸಂಗತಿ ಇಡುತ್ತೇನೆ. ಫಿಲಿಪೀನ್ಸ್ 2019ರಲ್ಲೇ ನಿಮ್ಮ ಕೋರ್ಟ್ ಬಿಟ್ಟುಹೋದ ದೇಶ. ಆ ದೇಶದ ಪೊಲೀಸರು 2025ರ ಮಾರ್ಚ್ 11ರಂದು ಮನಿಲಾ ವಿಮಾನ ನಿಲ್ದಾಣದಲ್ಲಿ ತಮ್ಮದೇ ಮಾಜಿ ಅಧ್ಯಕ್ಷ ಡುಟೆರ್ಟೆ ಅವರನ್ನು ಬಂಧಿಸಿದರು. ಮರುದಿನ ಅವರು ಹೇಗ್‌ನಲ್ಲಿದ್ದರು. ಅದರ ಹಿಂದೆ ಅಲ್ಲಿನ ಒಳರಾಜಕೀಯ ಇತ್ತು, ಒಪ್ಪುತ್ತೇನೆ. ಆದರೂ ಬಿಟ್ಟುಹೋದ ದೇಶ ಮಾಡಿದ್ದನ್ನು ಒಳಗಿರುವ ದೇಶಗಳು ಮಾಡಲಿಲ್ಲ ಅನ್ನುವುದು ಉಳಿಯುತ್ತದೆ.

ಈಗ ನನ್ನ ಮುಖ್ಯ ಮಾತಿಗೆ ಬರುತ್ತೇನೆ. ರೋಮ್ ಶಾಸನದ 112ನೇ ವಿಧಿ ಓದುತ್ತಿದ್ದೆ. ಸಭೆಯ ಕೆಲಸ, ಅದರ ಕಾರ್ಯಕಾರಿ ಸಮಿತಿಯಾದ ಬ್ಯೂರೋ, ಇಂಥವೇ ವಿಷಯ. ಕೊನೆಯ ಹೊತ್ತಿಗೆ ಒಂದು ಸಾಲು ಸಿಕ್ಕಿತು. ಸದಸ್ಯ ದೇಶವೊಂದು ಪೂರ್ತಿ ಎರಡು ವರ್ಷದ ವಂತಿಗೆಯಷ್ಟು ಬಾಕಿ ಉಳಿಸಿಕೊಂಡರೆ ಸಭೆಯಲ್ಲಿ ಅದಕ್ಕೆ ಮತ ಹಾಕುವ ಹಕ್ಕಿಲ್ಲ. ಸರಿಯಾದ ನಿಯಮವೇ. ಆದರೆ ಅದೇ ಶಾಸನದಲ್ಲಿ, ವಾರಂಟ್ ಇರುವ ಮನುಷ್ಯನನ್ನು ಕೈಗೆ ಸಿಕ್ಕ ಮೇಲೂ ವಿಮಾನ ಹತ್ತಿಸಿ ಕಳಿಸಿದ ದೇಶಕ್ಕೆ ಏನಾಗುತ್ತದೆ ಅಂತ ಹುಡುಕಿದೆ. ಏನೂ ಇಲ್ಲ. 87ನೇ ವಿಧಿ ಪ್ರಕಾರ ಕೋರ್ಟ್ ವಿಷಯವನ್ನು ನಿಮ್ಮ ಸಭೆಗೆ ಕಳಿಸಬಹುದು. ಸಭೆ ಅದನ್ನು ಪರಿಶೀಲಿಸಬಹುದು. ಅಷ್ಟೇ. ಪತ್ರ ಹೋಗುತ್ತದೆ, ಉತ್ತರ ಬರುತ್ತದೆ, ವರದಿಯಲ್ಲಿ ಒಂದು ಪ್ಯಾರಾ ಸೇರುತ್ತದೆ. ಆ ದೇಶದ ಪ್ರತಿನಿಧಿ ಮುಂದಿನ ಅಧಿವೇಶನಕ್ಕೆ ಬಂದು ಎಂದಿನಂತೆ ಕೂರುತ್ತಾರೆ, ನ್ಯಾಯಾಧೀಶರ ಆಯ್ಕೆಗೆ ಮತ ಹಾಕುತ್ತಾರೆ.

ಹಣ ಬಾಕಿ ಉಳಿಸಿಕೊಂಡರೆ ಮತ ಹೋಗುತ್ತದೆ. ಮನುಷ್ಯನನ್ನು ಬಿಟ್ಟುಕಳಿಸಿದರೆ ಏನೂ ಹೋಗುವುದಿಲ್ಲ. ಗುಲುವಿಗೆ ನಡೆದು ಬರುತ್ತಿದ್ದ ಮಕ್ಕಳಿಗೆ ಇದನ್ನು ಹೇಗೆ ವಿವರಿಸುತ್ತೀರಿ?

ಬೆಲೆ ತೆರಬೇಕಾಗುತ್ತದೆ ಅಂತ ಗೊತ್ತಾದರೆ ಸರ್ಕಾರಗಳು ಬದಲಾಗುತ್ತವೆ. ಇದು ನನ್ನ ಊಹೆಯಲ್ಲ. ಹಿಂದಿನ ಯುಗೊಸ್ಲಾವಿಯ ನ್ಯಾಯಮಂಡಳಿಗೂ ಪೊಲೀಸರಿರಲಿಲ್ಲ. ಅದು 161 ಜನರ ಮೇಲೆ ಆರೋಪ ಹೊರಿಸಿತು. ಕೊನೆಗೆ ತಲೆಮರೆಸಿಕೊಂಡವರು ಒಬ್ಬರೂ ಉಳಿಯಲಿಲ್ಲ. ಯುಗೊಸ್ಲಾವಿಯದ ಮಾಜಿ ಅಧ್ಯಕ್ಷ ಮಿಲೊಸೆವಿಚ್ ಅವರನ್ನು ಬೆಲ್‌ಗ್ರೇಡ್ ಹೇಗ್‌ಗೆ ಕಳಿಸಿದ್ದು 2001ರ ಜೂನ್ 28ರಂದು. ಮರುದಿನ ಬ್ರಸೆಲ್ಸ್‌ನಲ್ಲಿ ಆ ದೇಶಕ್ಕೆ ನೆರವು ಕೊಡುವ ದಾನಿ ದೇಶಗಳ ಸಭೆ ಇತ್ತು. ಬೋಸ್ನಿಯಾದ ಸರ್ಬರ ನಾಯಕ ಕರಾಜಿಚ್ ಗಡ್ಡ ಬಿಟ್ಟು, ಕೂದಲು ಕಟ್ಟಿ, ದ್ರಾಗನ್ ದಾಬಿಚ್ ಅನ್ನುವ ಹೆಸರಿನಲ್ಲಿ ಬೆಲ್‌ಗ್ರೇಡ್‌ನಲ್ಲೇ ನಾಟಿ ವೈದ್ಯನಾಗಿ ಓಡಾಡಿಕೊಂಡಿದ್ದ. ಸಭಿಕರ ಮುಂದೆ ನಿಂತು ಆರೋಗ್ಯದ ಬಗ್ಗೆ ಭಾಷಣವನ್ನೂ ಮಾಡುತ್ತಿದ್ದ. 2008ರ ಜುಲೈನಲ್ಲಿ ಸಿಕ್ಕಿಬಿದ್ದ. ಸ್ರೆಬ್ರೆನಿಕಾದಲ್ಲಿ ಎಂಟು ಸಾವಿರಕ್ಕೂ ಹೆಚ್ಚು ಗಂಡಸರು, ಹುಡುಗರ ಕೊಲೆಗೆ ಕಾರಣನಾದ ಸರ್ಬ್ ಸೇನಾಧಿಕಾರಿ ಮ್ಲಾದಿಚ್ 2011ರ ಮೇ ತಿಂಗಳಲ್ಲಿ ಒಂದು ಹಳ್ಳಿಯ ನೆಂಟರ ಮನೆಯಲ್ಲಿ ಸಿಕ್ಕ. ಐರೋಪ್ಯ ಒಕ್ಕೂಟ ಸೇರಬೇಕಾದರೆ ಇವರನ್ನು ಒಪ್ಪಿಸಲೇಬೇಕು ಅನ್ನುವ ಒತ್ತಡ ಸರ್ಬಿಯಾದ ಮೇಲೆ ವರ್ಷಗಟ್ಟಲೆ ಇತ್ತು. ಬಚ್ಚಿಡುವುದೇ ದುಬಾರಿಯಾಯಿತು. ಆಗ ಹಿಡಿದುಕೊಟ್ಟರು.

ಬೆಲೆ ಇಲ್ಲದಿದ್ದಾಗ ಏನಾಗುತ್ತದೆ? ಕಾಂಗೋದ ಬೋಸ್ಕೊ ಎಂಟಗಾಂಡ ಮೇಲೆ 2006ರಲ್ಲೇ ವಾರಂಟ್ ಆಗಿತ್ತು. ಕಾಂಗೋ ನಿಮ್ಮ ಸದಸ್ಯ ದೇಶ. ಆತ ಆ ದೇಶದ ಸೇನೆಯಲ್ಲೇ ಜನರಲ್ ಆಗಿ ಗೋಮಾ ನಗರದಲ್ಲಿ ಟೆನಿಸ್ ಆಡಿಕೊಂಡಿದ್ದ. 2013ರಲ್ಲಿ ತಾನಾಗಿಯೇ ಕಿಗಾಲಿಯ ಅಮೆರಿಕ ರಾಯಭಾರ ಕಚೇರಿಗೆ ನಡೆದು ಹೋಗಿ ಶರಣಾದ. ಯಾರೂ ಹಿಡಿಯಲಿಲ್ಲ. ಆಮೇಲೆ ಅವನಿಗೆ 30 ವರ್ಷ ಶಿಕ್ಷೆ ಆಯಿತು. ಆ ಏಳು ವರ್ಷದಲ್ಲಿ ಅವನ ಕೈಕೆಳಗೆ ಬದುಕಿದವರ ಲೆಕ್ಕ ಯಾರ ಹತ್ತಿರ ಇದೆ?

ತಡವಾದರೆ ನ್ಯಾಯವೇ ಕೈತಪ್ಪುತ್ತದೆ. ರುವಾಂಡ ನರಮೇಧಕ್ಕೆ ಹಣ ಒದಗಿಸಿದ ಆರೋಪ ಹೊತ್ತ ಫೆಲಿಸಿಯನ್ ಕಬುಗ ಎರಡು ದಶಕಕ್ಕೂ ಜಾಸ್ತಿ ತಲೆಮರೆಸಿಕೊಂಡು, 2020ರ ಮೇ ತಿಂಗಳಲ್ಲಿ ಪ್ಯಾರಿಸ್ ಪಕ್ಕದ ಒಂದು ಫ್ಲ್ಯಾಟಿನಲ್ಲಿ ಸಿಕ್ಕ. ವಿಚಾರಣೆ ಶುರುವಾಯಿತು. ಸಾಕ್ಷಿಗಳು ಮಾತಾಡಿದರು. 2023ರಲ್ಲಿ ವಿಶ್ವಸಂಸ್ಥೆಯ ನ್ಯಾಯಮಂಡಳಿ ಅದನ್ನು ನಿಲ್ಲಿಸಬೇಕಾಯಿತು. ಮರೆವಿನ ಕಾಯಿಲೆ. ವಿಚಾರಣೆ ಎದುರಿಸುವ ಸ್ಥಿತಿಯಲ್ಲಿ ಆತ ಇರಲಿಲ್ಲ. ಸಾಕ್ಷಿಗಳಿಗೆ ಎಲ್ಲ ನೆನಪಿತ್ತು, ಆರೋಪಿಗೆ ನೆನಪಿರಲಿಲ್ಲ. ಅಪರಾಧಿ ಹೌದು ಅನ್ನುವ ತೀರ್ಪೂ ಇಲ್ಲ, ಅಲ್ಲ ಅನ್ನುವ ತೀರ್ಪೂ ಇಲ್ಲ.

ಮಂಗೋಲಿಯಾ ಬಗ್ಗೆ ಒಂದು ಮಾತು ಹೇಳದಿದ್ದರೆ ಅನ್ಯಾಯವಾಗುತ್ತದೆ. ಒಂದು ಕಡೆ ರಷ್ಯಾ, ಇನ್ನೊಂದು ಕಡೆ ಚೀನಾ. ಪೆಟ್ರೋಲ್, ಡೀಸೆಲ್ ಬಹುಪಾಲು ರಷ್ಯಾದಿಂದಲೇ ಬರಬೇಕು. ಅಂಥ ದೇಶಕ್ಕೆ ಸುಮ್ನೆ ಕಾನೂನಿನ ಪುಸ್ತಕ ತೋರಿಸಿ ಬೈದರೆ ಸಾಕಾಗುವುದಿಲ್ಲ. ಬಂಧಿಸಿದ ಮರುದಿನ ಅಲ್ಲಿಗೆ ಇಂಧನ ಎಲ್ಲಿಂದ ಬರುತ್ತದೆ ಅನ್ನುವುದಕ್ಕೆ ಉಳಿದ ಸದಸ್ಯರು ಉತ್ತರ ಕೊಡಬೇಕಿತ್ತು. ಭೇಟಿಯ ಸುದ್ದಿ ಮೊದಲೇ ಗೊತ್ತಿತ್ತು. ದೊಡ್ಡ, ಶ್ರೀಮಂತ ಸದಸ್ಯ ದೇಶಗಳು ಹೇಳಿಕೆ ಕೊಟ್ಟವು. ನಾವು ಜೊತೆಗಿದ್ದೇವೆ, ನಷ್ಟ ನಾವು ತುಂಬುತ್ತೇವೆ ಅಂತ ಬಹಿರಂಗವಾಗಿ ಹೇಳಿದ್ದನ್ನು ನಾನು ಎಲ್ಲೂ ನೋಡಲಿಲ್ಲ. ಇಟಲಿಯ ಕಥೆ ಬೇರೆ. ಅದು ಬಡ ದೇಶವೂ ಅಲ್ಲ, ಒಂಟಿಯೂ ಅಲ್ಲ. ಇಬ್ಬರನ್ನೂ ಒಂದೇ ತಕ್ಕಡಿಯಲ್ಲಿ ತೂಗಬೇಡಿ.

ನಾನು ಕೇಳುವುದು ದೊಡ್ಡದೇನಲ್ಲ. ಮತದ ಹಕ್ಕು ತೆಗೆಯಬೇಕಾದರೆ ಶಾಸನವನ್ನೇ ತಿದ್ದಬೇಕು, ಅದಕ್ಕೆ ಎಂಟರಲ್ಲಿ ಏಳು ಪಾಲು ಸದಸ್ಯರ ಒಪ್ಪಿಗೆ ಬೇಕು ಅಂತ ಗೊತ್ತಿದೆ. ಅದು ಇವತ್ತು ನಾಳೆ ಆಗುವ ಕೆಲಸವಲ್ಲ. ಆದರೆ ಬ್ಯೂರೋಗೆ ಯಾರನ್ನು ಆರಿಸಬೇಕು ಅನ್ನುವುದು ಸಭೆಯ ಕೈಯಲ್ಲೇ ಇದೆ. ಬಂಧಿಸದೆ ಬಿಟ್ಟ ದೇಶ ಅಂತ ಕೋರ್ಟ್ ಹೇಳಿದ ಮೇಲೆ, ಆ ದೇಶ ತೃಪ್ತಿಕರ ಉತ್ತರ ಕೊಡುವವರೆಗೆ ಬ್ಯೂರೋದಲ್ಲಿ, ಸಮಿತಿಗಳಲ್ಲಿ ಜಾಗ ಕೊಡಬೇಡಿ. ನ್ಯಾಯಾಧೀಶರ ಹುದ್ದೆಗೆ ಆ ದೇಶ ಹೆಸರು ಸೂಚಿಸಿದರೆ ಉಳಿದವರು ಮತ ಹಾಕಬೇಡಿ. ಆ ದೇಶದ ಮಂತ್ರಿಯನ್ನೇ ಅಧಿವೇಶನಕ್ಕೆ ಕರೆಸಿ. ಯಾಕೆ ಬಿಟ್ಟಿರಿ ಅನ್ನುವ ಪ್ರಶ್ನೆಗೆ ಬಾಗಿಲು ಮುಚ್ಚಿದ ಕೋಣೆಯಲ್ಲಲ್ಲ, ಎಲ್ಲರೂ ನೋಡುವ ಹಾಗೆ ಉತ್ತರ ಹೇಳಿಸಿ. ಜೊತೆಗೆ, ಬಂಧಿಸಲು ಮುಂದಾಗುವ ಸಣ್ಣ ದೇಶಗಳಿಗೆ ಬೆನ್ನಿಗೆ ನಿಲ್ಲುವ ಒಂದು ನಿಧಿ, ಒಂದು ಲಿಖಿತ ಭರವಸೆ ಮೊದಲೇ ಸಿದ್ಧವಿರಲಿ.

ಕೋರ್ಟಿನ ಮೇಲೇ ದಾಳಿ ನಡೆಯುತ್ತಿರುವಾಗ ಸದಸ್ಯರನ್ನು ಯಾಕೆ ಕೆಣಕಬೇಕು ಅಂತ ನಿಮಗೆ ಅನ್ನಿಸಬಹುದು. ಅಮೆರಿಕ 2025ರಲ್ಲಿ ನಿಮ್ಮ ಪ್ರಾಸಿಕ್ಯೂಟರ್ ಮೇಲೆ, ಆಮೇಲೆ ನ್ಯಾಯಾಧೀಶರ ಮೇಲೂ ನಿರ್ಬಂಧ ಹೇರಿತು. ರಷ್ಯಾ ಅವರ ಹೆಸರನ್ನೇ ತನ್ನ ಬೇಕಾದವರ ಪಟ್ಟಿಗೆ ಸೇರಿಸಿತು. ವಾರಂಟಿಗೆ ಸಹಿ ಹಾಕಿದವರು ಬೆಲೆ ತೆರುತ್ತಿದ್ದಾರೆ. ಆ ವಾರಂಟನ್ನು ಮಡಚಿ ಜೇಬಿಗಿಟ್ಟುಕೊಂಡ ಸರ್ಕಾರಗಳು ಏನನ್ನೂ ತೆರುತ್ತಿಲ್ಲ. ಹೊರಗಿನವರನ್ನು ತಡೆಯುವುದು ನಿಮ್ಮಿಂದ ಆಗದಿರಬಹುದು. ಒಳಗಿನವರನ್ನು ಕೇಳುವುದು ನಿಮ್ಮ ಕೆಲಸವೇ. ಈ ಕೋರ್ಟ್ ಬಡ ದೇಶದವರನ್ನು ಮಾತ್ರ ಹಿಡಿಯುತ್ತದೆ ಅಂತ ಆಫ್ರಿಕಾದಲ್ಲಿ ಜನ ಎಷ್ಟೋ ವರ್ಷದಿಂದ ಹೇಳುತ್ತಿದ್ದಾರೆ. ವಾರಂಟ್‌ಗಳು ಈಗ ದೊಡ್ಡವರ ಮೇಲೂ ಹೊರಡುತ್ತಿವೆ. ಆದರೆ ಕುರ್ಚಿಯಲ್ಲಿ ಕೂತವರು ಯಾರು ಅಂತ ನೋಡಿದರೆ ಅವರ ಮಾತನ್ನು ಸುಳ್ಳು ಅನ್ನಲು ನನಗೆ ಬಾಯಿ ಬರುವುದಿಲ್ಲ.

ನಿಮ್ಮ ಮುಂದಿನ ಅಧಿವೇಶನದ ಕಾರ್ಯಸೂಚಿಯಲ್ಲಿ ಅಸಹಕಾರದ ವಿಷಯವನ್ನು ಮೊದಲ ದಿನ, ಬೆಳಗಿನ ಹೊತ್ತಿಗೇ ಇಡಿ. ಮಂಗೋಲಿಯಾ, ಹಂಗೇರಿ ಕಡತಗಳನ್ನು ಅಲ್ಲೇ ತೆರೆಯಿರಿ. ಅಧಿವೇಶನ ಆನ್‌ಲೈನ್‌ನಲ್ಲಿ ಬಂದರೆ ಆವತ್ತೂ ನಾನು ಕಂಪ್ಯೂಟರ್ ಮುಂದೆ ಕೂತಿರುತ್ತೇನೆ.

ವಿಶ್ವಾಸದಿಂದ,
ಒಬ್ಬ ಕನ್ನಡಿಗ