ಆ ಎರಡು ಇನಿಂಗ್ಸ್

ಪುಟ್ಟಿ,

ಈ ಪತ್ರ ಸಿಗುವ ಹೊತ್ತಿಗೆ ನೀನು ಆ ಸಣ್ಣ ಊರಿನ ಬಾಡಿಗೆ ಮನೆಯಲ್ಲಿ ಪೆಟ್ಟಿಗೆ ಬಿಚ್ಚುತ್ತಿರುತ್ತೀಯ. ಕನ್ನಡದಲ್ಲಿ ಬರೆದಿದ್ದೇನೆ, ಬೈಕೋಬೇಡ. ಇಂಗ್ಲಿಷಿನಲ್ಲಿ ಬರೆದರೆ ನಂದು ಆಫೀಸಿನ ಮೇಲ್ ಥರ ಆಗುತ್ತದೆ. ಎಲ್ಲಾದರೂ ಅರ್ಥ ಆಗದಿದ್ದರೆ ಅಮ್ಮನಿಗೆ ಫೋನ್ ಮಾಡಿ ಕೇಳು. ಬೇಡ, ನನಗೇ ಮಾಡು.

ಭುಜದ ವಿಷಯ, ಆಪರೇಷನ್ ವಿಷಯ ಬಿಡು. ಭಾನುವಾರದ್ದು ಹೇಳುತ್ತೇನೆ. ರೇಡಿಯೋದಲ್ಲಿ ಬೇಸ್‌ಬಾಲ್ ಕಾಮೆಂಟರಿ ಹೇಳೋ ಕೆಲಸಕ್ಕೆ ಹೊರಟವಳಿಗೆ "ಆಟ ಆಡೋಕಾಗದವರು ಮಾತಾಡೋಕೆ ಹೋಗ್ತಾರೆ" ಅಂದುಬಿಟ್ಟೆ. ನೀನು ಅರ್ಧ ತಟ್ಟೆ ಅನ್ನ ಬಿಟ್ಟು ಎದ್ದು ಹೋದೆ. ಶನಿವಾರದ ಕನ್ನಡ ಕ್ಲಾಸಿಗೆ ಹೋಗುತ್ತಿದ್ದಾಗ ನೀನೇ ಒಂದು ಸಲ ಕೇಳಿದ್ದೆ, ಆಟ ಆಡೋದಕ್ಕೂ ಮಾತು ಆಡೋದಕ್ಕೂ ಒಂದೇ ಪದ ಯಾಕೆ ಅಂತ. "ಸುಮ್ನೆ ಬರಿ" ಅಂದಿದ್ದೆ. ಉತ್ತರ ನನಗೂ ಗೊತ್ತಿರಲಿಲ್ಲ.

ಹಾಗೆ ಅಂದವನು ಯಾರು ನೋಡು. 1998ರಲ್ಲಿ ಅಮೆರಿಕದ ಮಿಲ್ವಾಕಿಗೆ ಬಂದು, ಕಾರಿನ ರೇಡಿಯೋದಲ್ಲಿ 620 ಎ.ಎಂ. ಹಚ್ಚಿ, ಕಾಮೆಂಟರಿ ಹೇಳುತ್ತಿದ್ದ ಬಾಬ್ ಯೂಕರ್ ಬಾಯಿಂದಲೇ ಬೇಸ್‌ಬಾಲ್ ಕಲಿತವನು! ಕ್ಯಾಚರ್ ಅಂದರೆ ನಮ್ಮ ವಿಕೆಟ್ ಕೀಪರ್ ಕಿರ್ಮಾನಿ ಥರ, ಮುಖಕ್ಕೆ ಜಾಲರಿ ಬೇರೆ, ಅಷ್ಟೇ ಅಂದುಕೊಂಡಿದ್ದೆ. ಯೂಕರ್ ಕೂಡ ನಿನ್ನ ಹಾಗೆ ಕ್ಯಾಚರ್. ಆರು ಸೀಸನ್ ಆಡಿ ಹೊಡೆದದ್ದು ಬರೀ 14 ಹೋಮ್ ರನ್. ಸರಾಸರಿ ಸರಿಯಾಗಿ .200, ಅಂದರೆ ಹತ್ತು ಸಲ ನಿಂತರೆ ಎರಡು ಸಲ ಹಿಟ್. 1967ರಲ್ಲಿ ಕೈಯಿಂದ ಚೆಂಡು ಬಿಟ್ಟುಕೊಡುವುದರಲ್ಲಿ ಇಡೀ ಲೀಗಿಗೇ ಮೊದಲು. ಆಮೇಲೆ ಆಟಗಾರರನ್ನು ಹುಡುಕುವ ಕೆಲಸಕ್ಕೆ ಹಾಕಿದರೆ, ಅವರು ಕಳಿಸಿದ ರಿಪೋರ್ಟಿನ ತುಂಬ ಗ್ರೇವಿ ಕಲೆ ಇತ್ತಂತೆ. ಮಿಲ್ವಾಕಿಯ ಬ್ರೂವರ್ಸ್ ತಂಡದ ಆಗಿನ ಮಾಲೀಕ ಬಡ್ ಸೆಲಿಗ್ ಅವರೇ ಹೇಳಿಕೊಂಡು ನಗುತ್ತಿದ್ದ ಕಥೆ. 1971ರಲ್ಲಿ ಮೈಕ್ ಮುಂದೆ ಕೂತ ಮನುಷ್ಯ 54 ಸೀಸನ್ ಏಳಲಿಲ್ಲ. 2003ರಲ್ಲಿ ಫೋರ್ಡ್ ಫ್ರಿಕ್ ಪ್ರಶಸ್ತಿ ಕೊಟ್ಟದ್ದು ಮಾತಿಗೆ, ಬ್ಯಾಟಿಗಲ್ಲ. 2025ರ ಜನವರಿಯಲ್ಲಿ ಯೂಕರ್ ತೀರಿಹೋದ ದಿನ ನಾನು ಗ್ಯಾರೇಜಿನಲ್ಲಿ ತುಂಬಾ ಹೊತ್ತು ಇದ್ದೆ. ಹಿಮ ಬಾಚುವ ಸಲಿಕೆ ಹುಡುಕ್ತಿದ್ದೆ ಅಂತ ನಿನ್ನಮ್ಮನಿಗೆ ಹೇಳಿದೆ.

ಸುಳ್ಳು ಹೇಳುವುದು ನನಗೆ ಅಭ್ಯಾಸವೇ. 2023ರ ಜುಲೈನಲ್ಲಿ, ಷಿಕಾಗೋ ಹತ್ತಿರದ ಮೈದಾನದಲ್ಲಿ ನಿನ್ನ ಕೊನೇ ಮ್ಯಾಚ್. ಸೆಕೆಂಡ್ ಬೇಸ್ ಕಡೆಗೆ ನೀನು ಎಸೆದ ಚೆಂಡು ಎರಡು ಪುಟ ಬಿದ್ದು ಉರುಳಿತು. ಮುಗಿದ ಮೇಲೆ ನಾನು ಬರುವುದು ತಡವಾಯಿತು. ಆಫೀಸಿನ ಕಾಲ್ ಇತ್ತು ಅಂದೆ. ಯಾವ ಕಾಲೂ ಇರಲಿಲ್ಲ ಕಣೇ. ಪಾರ್ಕಿಂಗಿನಲ್ಲಿ ಕಾರೊಳಗೆ ಕೂತಿದ್ದೆ. ಸ್ಟಿಯರಿಂಗ್ ಇನ್ನೂ ಬಿಸಿ ಇತ್ತು. ರೇಡಿಯೋ ಹಾಕಿದೆ. ಯೂಕರ್ ಏನು ಹೇಳಿದರೋ ಒಂದಕ್ಷರ ನೆನಪಿಲ್ಲ, ದನಿ ಮಾತ್ರ ನೆನಪಿದೆ. ನಾಲ್ಕನೇ ಇನಿಂಗ್ ಮುಗಿಯಿತು. ಇದೊಂದು ಮುಗಿದರೆ ಹೋಗೋಣ ಅಂತ ಐದನೆಯದೂ ಕೇಳಿದೆ. "ಅಪ್ಪ ಎಲ್ಲಿದೀಯ" ಅಂತ ನಿನ್ನ ಮೆಸೇಜು ಬಂತು. ಓದಿದೆ. ಆಮೇಲೂ ಕೂತೆ. ನಾನು ಬಂದಾಗ ಬೆಂಚಿನಲ್ಲಿ ನೀನೊಬ್ಬಳೇ ಇದ್ದೆ, ಮೊಣಕಾಲಿನ ಗಾರ್ಡ್ ಇನ್ನೂ ಬಿಚ್ಚಿರಲಿಲ್ಲ.

ಇರಲಿ. ಕೆಲಸದ ಮಾತಿಗೆ ಬರೋಣ. ಸಣ್ಣ ತಂಡದಲ್ಲಿ ಮೈಕ್ ಒಂದೇ ಸಾಲದು, ಜಾಹೀರಾತನ್ನೂ ಮಾರಿಸುತ್ತಾರೆ. ರಾತ್ರಿಯೆಲ್ಲ ಬಸ್ಸಿನ ಪ್ರಯಾಣ. ಬಿಸಿನೀರು ಕುಡಿ, ಐಸ್ ಬೇಡ. ಇನ್ಶೂರೆನ್ಸ್ ಕಾಗದ ಮೊದಲು ಓದಿ ಆಮೇಲೆ ಸಹಿ ಹಾಕು. ಟ್ವಿಟರ್ ನೋಡಬೇಡ. ಜೆಸಿಕಾ ಮೆಂಡೋಜಾ ಸಾಫ್ಟ್‌ಬಾಲಿನಲ್ಲಿ 2004ರ ಒಲಿಂಪಿಕ್ಸ್ ಚಿನ್ನ ಗೆದ್ದವಳು. 2015ರಲ್ಲಿ ಟೀವಿಯಲ್ಲಿ ಪ್ಲೇಆಫ್ ಪಂದ್ಯ ವಿಶ್ಲೇಷಣೆಗೆ ಕೂತರೆ, ಅವಳನ್ನೂ ಹೆಂಗಸು ಅಂತ ಹಂಗಿಸಿದರು. ನಿನ್ನನ್ನು ಬಿಡುತ್ತಾರಾ? ನಿನ್ನ ಹೆಸರನ್ನೇ ಸರಿಯಾಗಿ ಹೇಳಲ್ಲ. ನೋಡು, ಧೈರ್ಯ ಹೇಳೋಕೆ ಹೊರಟು ಹೆದರಿಸ್ತಿದ್ದೀನಿ. ನಿನಗಿಂತ ನನಗೇ ಜಾಸ್ತಿ ಭಯ.

ಇನ್ನೊಂದು. ಸ್ಕೋರ್ ಹೇಳುತ್ತಾ ಇರಬೇಕು. ಕಾಲೇಜು ಪಂದ್ಯಗಳಿಗೆ ನೀನು ಮಾತಾಡಿದ್ದನ್ನು ನಾನು ಮೂರು ಸಲ ಕೇಳಿದ್ದೇನೆ, ನಿನಗೆ ಹೇಳಿಲ್ಲ. ಪಿಚರ್‌ನ ಕೈ ನೋಡಿ ಮುಂದಿನ ಚೆಂಡು ಯಾವುದು ಅಂತ ಮೊದಲೇ ಹೇಳುತ್ತೀಯಲ್ಲ, ಅದು ಕ್ಯಾಚರ್ ಆಗಿದ್ದವಳಿಗೆ ಮಾತ್ರ ಬರುತ್ತೆ. ಗ್ಯಾರೇಜಿನಲ್ಲಿ ಒಬ್ಬನೇ ಚಪ್ಪಾಳೆ ಹೊಡೆದೆ. ಆದರೆ ಸ್ಕೋರ್ ಮರೆಯುತ್ತೀಯ. ಆಗ ತಾನೇ ರೇಡಿಯೋ ಹಾಕಿದವನಿಗೆ ಏನೂ ಗೊತ್ತಿರಲ್ಲ. ಹಿಂದೆ ಡಾಡ್ಜರ್ಸ್ ಪಂದ್ಯ ಹೇಳುತ್ತಿದ್ದ ರೆಡ್ ಬಾರ್ಬರ್, ಮೊಟ್ಟೆ ಬೇಯಿಸಲು ಇಡುವ ಮೂರು ನಿಮಿಷದ ಮರಳು ಗಡಿಯಾರ ಪಕ್ಕದಲ್ಲಿ ಇಟ್ಟುಕೊಳ್ಳುತ್ತಿದ್ದರಂತೆ. ಮರಳು ಪೂರ್ತಿ ಇಳಿದರೆ ಸ್ಕೋರ್ ಹೇಳು, ತಿರುಗಿಸಿಡು.

ಮತ್ತೆ ಆ ಕಾರಿನದೇ ಯೋಚನೆ. ಯಾಕೆ ಇಳಿದು ಬರಲಿಲ್ಲ ಅಂದರೆ, ಹದಿನೈದು ವರ್ಷದವಳು ಭುಜ ನೋಯ್ತಿದೆ ಅಂದಾಗ "ಇನ್ನು ಹತ್ತು ಎಸೆದು ಬಾ" ಅಂದವನು ನಾನು. ಒಂದು ದಿನ ಅಲ್ಲ, ಬೇಸಿಗೆ ಪೂರ್ತಿ. ಡಾಕ್ಟರು ಕಾರಣ ಬೇರೆ ಅಂದರು. ಇರಬಹುದು. ತಪ್ಪಾಯಿತು ಪುಟ್ಟಿ.

ಮರಳು ಗಡಿಯಾರವನ್ನು ನಿನ್ನ ಕೆಂಪು ಕಾಲುಚೀಲದಲ್ಲಿ ಸುತ್ತಿ, ಚಟ್ನಿಪುಡಿ ಡಬ್ಬದ ಪಕ್ಕ ಇಟ್ಟಿದ್ದೇನೆ. ಹುಷಾರಾಗಿ ತೆಗಿ, ಗಾಜು. ನಿನ್ನ ಸ್ಟೇಷನ್ ನಮ್ಮ ಕಾರಿನಲ್ಲಿ ಸಿಗಲ್ಲ, ಅಮ್ಮ ಫೋನಿಗೆ ಹಾಕಿಕೊಟ್ಟಿದ್ದಾಳೆ. ಮೊದಲ ಮ್ಯಾಚ್ ಎಷ್ಟು ಗಂಟೆಗೆ ಅಂತ ತಿಳಿಸು. ಅಲ್ಲಿನ ಗಂಟೆಯೋ ಇಲ್ಲಿನದೋ, ಅದನ್ನೂ ಹೇಳು.

ಅಪ್ಪ